ಮೃತರ ಹಕ್ಕು ಮತ್ತು ಕಂದಕಗಳ ಸಾಕ್ಷ್ಯ



ಮೃತನನ್ನು ಗೌರವದಿಂದ ಮಣ್ಣಿಗಿಳಿಸುವುದು ಬದುಕಿರುವವರ ಹೊಣೆಯೆಂದು ನಾವೆಲ್ಲರೂ ಬಲ್ಲೆವು. ಆ ಹೊಣೆಯನ್ನು ನಿರ್ವಹಿಸಲು ಗಳಿಗೆಯ ಬಿಡುವೂ ಇಲ್ಲದಲ್ಲಿ ಮನುಷ್ಯ ಹೇಗೆ ವರ್ತಿಸಿದ? ಪ್ರಥಮ ಮಹಾಯುದ್ಧದ ಕಂದಕಗಳು ಇದಕ್ಕೆ ಉತ್ತರಿಸುತ್ತವೆ.

ಎರಡು ಕಂದಕಗಳ ನಡುವೆ ಬಿದ್ದ ಹೆಣವನ್ನು ತರಲು ಹೋದವನೂ ಅಲ್ಲಿಯೇ ಹೆಣವಾಗುವ ಭಯವಿತ್ತು. ಆದ್ದರಿಂದ ಸೈನಿಕರು ಕತ್ತಲಲ್ಲಿ ತೆವಳಿ ಹೋಗಿ ಸಂಗಾತಿಗಳನ್ನು ಎಳೆದು ತಂದರು. ಗುಂಡುಗಳು ತೋಡಿದ ಗುಂಡಿಗಳಲ್ಲಿಯೇ ಹೂತರು. ಮರುದಿನದ ಗುಂಡಿನ ಮಳೆ ಆ ಗೋರಿಗಳನ್ನೂ ಅಳಿಸಿ ಹಾಕುತ್ತಿತ್ತು. ಬ್ರಿಟಿಷ್ ಸೈನಿಕನ ಕೊರಳಲ್ಲಿ ಆಗ ಗುರುತಿನ ಬಿಲ್ಲೆ ಒಂದೇ ಇತ್ತು. ದಾಖಲೆಗಾಗಿ ಅದನ್ನು ತೆಗೆದೊಡನೆ ದೇಹ ಅನಾಮಿಕವಾಗುತ್ತಿತ್ತು. 1916ರಲ್ಲಿ ಎರಡು ಬಿಲ್ಲೆಗಳ ಪದ್ಧತಿ ಬಂದಿತು: ಒಂದು ದಾಖಲೆಗೆ, ಇನ್ನೊಂದು ದೇಹದೊಂದಿಗೆ.

ಗಲಿಪೊಲಿಯಲ್ಲಿ 1915ರ ಮೇ 19ರಂದು ತುರ್ಕರು ನಡೆಸಿದ ದಾಳಿಯಲ್ಲಿ ಅವರ ಸುಮಾರು 3,000 ಮಂದಿ ಮಡಿದರು. ಬೇಸಿಗೆಯ ಬಿಸಿಲಲ್ಲಿ ಶವಗಳು ಐದು ದಿನ ಬಿದ್ದಿದ್ದವು. ಮೇ 24ರಂದು ಕೆಲವು ಗಂಟೆಗಳ ಕಾಲ ಬಂದೂಕುಗಳು ಮೌನವಾದವು. ತುರ್ಕರೂ ಆಸ್ಟ್ರೇಲಿಯಾ, ನ್ಯೂಝಿಲೆಂಡ್‌ಗಳ ಸೈನಿಕರೂ ಒಂದೇ ನೆಲವನ್ನು ಅಗೆದರು, ಸಿಗರೇಟು ಹಂಚಿಕೊಂಡರು. ಸಂಜೆ ಮತ್ತೆ ಕಂದಕಗಳಿಗೆ ಮರಳಿ ಪರಸ್ಪರ ಗುರಿಯಿಟ್ಟರು. ವೈರಿಯ ಶವಕ್ಕೆ ಕರಗಿದ ಮನ ಜೀವಂತ ವೈರಿಗೆ ಕರಗಲಿಲ್ಲ. ಯುದ್ಧದ ದೊಡ್ಡ ದುರಂತವಿದು.

ನಮ್ಮ ದೇಶದ ಸೈನಿಕರ ಪಾಡೇನು? ಮುಸ್ಲಿಂ ಸೈನಿಕರ ದಫನ ಧರ್ಮಾನುಸಾರ ನಡೆಯುತ್ತಿಲ್ಲವೆಂದು ಜರ್ಮನಿ ಪ್ರಚಾರ ಮಾಡಿದಾಗ, ಬ್ರಿಟನ್ ವೋಕಿಂಗ್ ಮಸೀದಿಯ ಸಮೀಪ ಅವರಿಗಾಗಿ ದಫನಭೂಮಿಯನ್ನು ನಿರ್ಮಿಸಿತು. ಬ್ರೈಟನ್ ಬಳಿಯ ಗುಡ್ಡದಲ್ಲಿ ಹಿಂದೂ ಮತ್ತು ಸಿಖ್ ಸೈನಿಕರ ದಹನ ನಡೆಯಿತು. 1921ರಲ್ಲಿ ಅಲ್ಲಿ ಛತ್ರಿ ಸ್ಮಾರಕ ಎದ್ದಿತು. ಫ್ರಾನ್ಸಿನ ನವ್ ಶಪೆಲ್ ಸ್ಮಾರಕದಲ್ಲಿ ಗೋರಿಯೇ ಸಿಗದ 4,700ಕ್ಕೂ ಹೆಚ್ಚು ಭಾರತೀಯರ ಹೆಸರುಗಳಿವೆ.

ಆದರೆ ಇರಾಕಿನ ಬಸ್ರಾ ಸ್ಮಾರಕದಲ್ಲಿ ಅಧಿಕಾರಿಗಳ ಹೆಸರು ಕೆತ್ತಿದವರು, ಸಾವಿರಾರು ಸಾಮಾನ್ಯ ಭಾರತೀಯ ಸೈನಿಕರನ್ನು ಕೇವಲ ಸಂಖ್ಯೆಯಾಗಿಸಿದರು. ಆಫ್ರಿಕಾ ಮತ್ತು ಏಶ್ಯದ ಮೃತರಿಗೆ ಸಮಾನ ಸ್ಮರಣೆ ಸಲ್ಲಲಿಲ್ಲವೆಂದು 2021ರಲ್ಲಿ ಯುದ್ಧಸಮಾಧಿ ಆಯೋಗದ ವರದಿಯೇ ಒಪ್ಪಿಕೊಂಡಿತು. ಬ್ರಿಟಿಷ್ ಸರಕಾರ ಕ್ಷಮೆ ಯಾಚಿಸಿತು. ನೂರು ವರ್ಷಗಳ ಬಳಿಕ!

ಬಂಧುಗಳೇ, ಪ್ರಾಣವನ್ನು ಕೇಳುವಾಗ ಸಾಮ್ರಾಜ್ಯ ಬಣ್ಣ ನೋಡಲಿಲ್ಲ, ಕಲ್ಲಿನಲ್ಲಿ ಹೆಸರು ಕೆತ್ತುವಾಗ ನೋಡಿತು. ಗುಂಡಿನ ನಡುವೆ ತೆವಳಿ ಸಂಗಾತಿಯನ್ನು ಹೂತ ಬಡ ಸಿಪಾಯಿ ಮಾತ್ರ ತನ್ನ ಹೊಣೆಯನ್ನು ಮರೆಯಲಿಲ್ಲ. ಇಂದಿಗೂ ಯುದ್ಧದ ಸುದ್ದಿಯಲ್ಲಿ ಸತ್ತವರ ಲೆಕ್ಕವಷ್ಟೇ ನಮ್ಮನ್ನು ತಲಪುತ್ತದೆ. ಪ್ರತಿಯೊಂದು ಲೆಕ್ಕದ ಹಿಂದೆ ಒಂದು ಹೆಸರಿದೆ, ಕಾಯುವ ಒಂದು ಮನೆಯಿದೆ. ಅದನ್ನು ಮರೆಯದಿರೋಣ.