ಗಾಳಿ ಯಾರ ಸ್ವತ್ತು?

(ಪಕ್ಷದ ಕಾರ್ಯಕರ್ತರ ಅಧ್ಯಯನ ಶಿಬಿರದಲ್ಲಿ ಮಾಡಿದ ಭಾಷಣ)



ನಿನ್ನೆಯ ಗೋಷ್ಠಿ ಮುಗಿಯುವ ಹೊತ್ತಿಗೆ ಒಬ್ಬ ತರುಣ ಮಿತ್ರರು ಎದ್ದು ನಿಂತು ಒಂದು ಪ್ರಶ್ನೆ ಹಾಕಿದರು. "ಮೇಷ್ಟ್ರೇ, ಮೂರು ದಿನ ತಾಲ್ಲೂಕು ಕಚೇರಿಯ ಮುಂದೆ ಕೂತೆವು. ಟೆಲಿವಿಷನ್ನಿನಲ್ಲಿ ನಮ್ಮ ಮುಖ ಒಂದು ಕ್ಷಣವೂ ಬರಲಿಲ್ಲ. ಯಂತ್ರ ಅವರದು, ದುಡ್ಡು ಅವರದು, ಇಷ್ಟ ಅವರದು. ನಾವು ಕೇಳುವುದಕ್ಕೆ ಏನು ಹಕ್ಕಿದೆ?" ಎಂದರು. ರಾತ್ರಿಯೆಲ್ಲ ಆ ಪ್ರಶ್ನೆ ನನ್ನ ತಲೆಯಲ್ಲಿತ್ತು. ಯಂತ್ರ ಅವರದು, ನಿಜ. ದುಡ್ಡೂ ಅವರದೇ. ಆದರೆ ಚಿತ್ರ ಹರಿದು ಬರುವ ದಾರಿ ಯಾರದು? ಇದೇ ಪ್ರಶ್ನೆಯನ್ನು ಅಮೆರಿಕದ ಒಂದು ಊರಿನ ಕಪ್ಪು ಜನ ಎತ್ತಿದರು, ಎತ್ತಿ ಗೆದ್ದರು. ಆ ಕತೆಯನ್ನು ಇಂದು ನಿಮ್ಮ ಮುಂದಿಡುತ್ತೇನೆ.

ಊರಿನ ಹೆಸರು ಜಾಕ್ಸನ್. ಅಮೆರಿಕದ ದಕ್ಷಿಣ ಭಾಗದ ಮಿಸಿಸಿಪ್ಪಿ ರಾಜ್ಯದ ರಾಜಧಾನಿ. ಸಮಾಜವಾದಿಗಳಾದ ನಮಗೆ ಈ ಊರು ಅಪರಿಚಿತವಲ್ಲ. 1951ರಲ್ಲಿ ಕಾಗೋಡು ರೈತರ ಬೆಂಬಲಕ್ಕೆ ಬಂದು ನಮ್ಮ ಸಾಗರದಲ್ಲಿ ದಸ್ತಗಿರಿಯಾದ ಡಾ. ರಾಮಮನೋಹರ ಲೋಹಿಯಾ, 1964ರ ಮೇ ತಿಂಗಳ ಕೊನೆಯಲ್ಲಿ ಇದೇ ಜಾಕ್ಸನ್ನಿನಲ್ಲಿ ಪೊಲೀಸರ ಕೈಗೆ ಸಿಕ್ಕಿದರು. ಅವರು ಮಾಡಿದ ಅಪರಾಧವೇನು? ಬಿಳಿಯರಿಗೆ ಮಾತ್ರ ಬಡಿಸುವ ಒಂದು ಊಟದ ಹೋಟೆಲಿಗೆ ಹೋದದ್ದು. ಮೈಬಣ್ಣ ನೋಡಿ ಹೊರಗೆ ಕಳಿಸಿದರು. ಮಾರನೆಯ ದಿನ ಮತ್ತೆ ಹೋದರು. ಪೊಲೀಸರು ವ್ಯಾನಿಗೆ ಹತ್ತಿಸಿದರು. ಭಾರತದ ಪಾರ್ಲಿಮೆಂಟಿನ ಸದಸ್ಯನಿಗೇ ಈ ಗತಿಯಾದರೆ ಆ ಊರಿನ ಕೂಲಿ ಮಾಡುವ ಕಪ್ಪು ಮನುಷ್ಯನ ಗತಿ ಏನಿದ್ದೀತು, ನೀವೇ ಊಹಿಸಿ.

ಹೋಟೆಲಿನ ಬಾಗಿಲು ಮುಚ್ಚಿತ್ತು, ಶಾಲೆಯ ಬಾಗಿಲು ಮುಚ್ಚಿತ್ತು, ಮತಗಟ್ಟೆಯ ಬಾಗಿಲು ಮುಚ್ಚಿತ್ತು. ಇವು ಕಣ್ಣಿಗೆ ಕಾಣುವ ಬಾಗಿಲುಗಳು. ಕಾಣದ ಇನ್ನೊಂದು ಬಾಗಿಲಿತ್ತು. ಅದು ಟೆಲಿವಿಷನ್.

ಮೊದಲು ಆ ದೇಶದ ಟೆಲಿವಿಷನ್ನಿನ ಸಾಮಾನ್ಯ ಸ್ಥಿತಿ ಹೇಗಿತ್ತೆಂದು ನೋಡೋಣ. 1951ರಲ್ಲಿ ಸಿ.ಬಿ.ಎಸ್. ಎಂಬ ದೊಡ್ಡ ಸಂಸ್ಥೆ 'ಏಮಸ್ ಅಂಡ್ ಆಂಡಿ' ಎಂಬ ಹಾಸ್ಯದ ಸರಣಿ ತೋರಿಸಿತು. ಪಾತ್ರಧಾರಿಗಳೆಲ್ಲ ಕಪ್ಪು ಜನವೇ. ಆದರೆ ಪಾತ್ರಗಳು ಎಂಥವು? ಮೋಸಗಾರ, ದಡ್ಡ, ಕೆಲಸಗಳ್ಳ. ಕಪ್ಪು ಜನರ ದೊಡ್ಡ ಸಂಘವಾದ ಎನ್.ಎ.ಎ.ಸಿ.ಪಿ. ಆ ವರ್ಷವೇ ಪ್ರತಿಭಟಿಸಿತು. 1953ರಲ್ಲಿ ಸರಣಿ ನಿಂತರೂ ಹಳೆಯ ಕಂತುಗಳನ್ನು 1966ರವರೆಗೂ ಊರೂರಿಗೆ ಮಾರುತ್ತಲೇ ಇದ್ದರು.

ಇನ್ನೊಂದು ಉದಾಹರಣೆ. ನ್ಯಾಟ್ ಕಿಂಗ್ ಕೋಲ್ ಲಕ್ಷಾಂತರ ಗ್ರಾಮಫೋನ್ ತಟ್ಟೆ ಮಾರಾಟವಾಗುತ್ತಿದ್ದ ಕಪ್ಪು ಗಾಯಕ. ಎನ್.ಬಿ.ಸಿ. ಸಂಸ್ಥೆ 1956ರ ನವೆಂಬರಿನಲ್ಲಿ ಅವನ ಹೆಸರಿನಲ್ಲಿ ಒಂದು ಸಂಗೀತ ಕಾರ್ಯಕ್ರಮ ಆರಂಭಿಸಿತು. ಕೇಳುವವರಿಗೆ ಕೊರತೆಯಿರಲಿಲ್ಲ. ಆದರೆ ದೇಶದ ಒಂದು ದೊಡ್ಡ ಕಂಪನಿಯೂ ಪೂರ್ತಿ ಹೊಣೆ ಹೊತ್ತು ಜಾಹೀರಾತು ಕೊಡಲಿಲ್ಲ. ದಕ್ಷಿಣದ ಬಿಳಿಯ ಗಿರಾಕಿ ಮುನಿಸಿಕೊಂಡರೆ ಮಾಲು ಹೋಗುವುದಿಲ್ಲವೆಂಬ ಭಯ. 1957ರ ಡಿಸೆಂಬರಿನಲ್ಲಿ ಕಾರ್ಯಕ್ರಮ ನಿಂತಿತು. ನೋಡಿ, ವರ್ಣದ್ವೇಷವೂ ವ್ಯಾಪಾರದ ಲೆಕ್ಕವೂ ಹೇಗೆ ಒಂದೇ ನೊಗಕ್ಕೆ ಕಟ್ಟಿದ ಜೋಡಿ ಎತ್ತುಗಳಾಗಿದ್ದವು! ಕಪ್ಪು ಮನುಷ್ಯ ನಗೆಪಾಟಲಾಗಲು ಬಂದರೆ ಜಾಗವಿತ್ತು. ಮನೆಯ ಯಜಮಾನನ ಹಾಗೆ ಬಂದು ನಿಂತರೆ ಜಾಗವಿರಲಿಲ್ಲ.

ಈಗ ಜಾಕ್ಸನ್ನಿಗೆ ಬರೋಣ. ಅಲ್ಲಿ ಡಬ್ಲ್ಯು.ಎಲ್.ಬಿ.ಟಿ. ಎಂಬ ಟೆಲಿವಿಷನ್ ನಿಲಯ 1953ರಲ್ಲಿ ಶುರುವಾಯಿತು. ಒಡೆತನ ಒಂದು ಜೀವವಿಮಾ ಕಂಪನಿಯದು. ಅದರ ಪ್ರಸಾರ ಮುಟ್ಟುವ ಪ್ರದೇಶದಲ್ಲಿ ನೂರಕ್ಕೆ ಸುಮಾರು ನಲವತ್ತೈದು ಮಂದಿ ಕಪ್ಪು ಜನ. ಆದರೆ ನಿಲಯದವರು ಅವರನ್ನು ಊರಿನಲ್ಲಿ ಇಲ್ಲವೇ ಇಲ್ಲವೆಂಬಂತೆ ಕಂಡರು. 1955ರಲ್ಲಿ ನಡೆದದ್ದನ್ನು ಕೇಳಿ. ನ್ಯೂಯಾರ್ಕಿನಿಂದ ಬರುತ್ತಿದ್ದ ಕಾರ್ಯಕ್ರಮದಲ್ಲಿ ಕಪ್ಪು ಜನರ ವಕೀಲ ತರ್ಗುಡ್ ಮಾರ್ಷಲ್ ಕಾಣಿಸಿಕೊಂಡಾಗ, ನಿಲಯದವರು ಚಿತ್ರವನ್ನು ಕತ್ತರಿಸಿ, ತಂತಿ ಕೆಟ್ಟಿದೆ, ಕ್ಷಮಿಸಿ ಎಂಬ ಫಲಕ ಹಾಕಿದರೆಂದು ಸರಕಾರಕ್ಕೆ ದೂರು ಹೋಯಿತು. ಆ ವಕೀಲರು ಯಾರು? ಶಾಲೆಗಳಲ್ಲಿ ಬಣ್ಣದ ಬೇಲಿ ಸಲ್ಲದೆಂದು 1954ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಗೆದ್ದವರು. 1967ರಲ್ಲಿ ಅದೇ ಕೋರ್ಟಿನ ನ್ಯಾಯಮೂರ್ತಿಯಾದವರು. ಕೆಟ್ಟದ್ದು ತಂತಿಯಲ್ಲ, ಮಿತ್ರರೇ!

ಆ ಕಾಲದಲ್ಲಿ ಅಮೆರಿಕದಲ್ಲಿ ಒಂದು ನಿಯಮವಿತ್ತು. ವಿವಾದದ ಸಂಗತಿಗಳಲ್ಲಿ ಎರಡು ಪಕ್ಷದ ಮಾತನ್ನೂ ಕೇಳಿಸಬೇಕು ಎಂಬುದು. 1949ರಲ್ಲಿ ರೂಪುಗೊಂಡ ಈ ನಿಯಮವನ್ನು 1987ರಲ್ಲಿ ಕೈಬಿಟ್ಟರು. 1963ರ ಮೇ ತಿಂಗಳಲ್ಲಿ ಜಾಕ್ಸನ್ನಿನ ಬಿಳಿಯ ಮೇಯರು ಟೆಲಿವಿಷನ್ನಿಗೆ ಬಂದು, ಊರಿನಲ್ಲಿ ಎಲ್ಲ ಸುಖವಾಗಿದೆ, ಹೊರಗಿನವರು ಬಂದು ಕೆಡಿಸುತ್ತಿದ್ದಾರೆ ಎಂಬ ಧಾಟಿಯಲ್ಲಿ ಮಾತನಾಡಿದರು. ನಮ್ಮಲ್ಲಿಯೂ ಕೇಳಿದ ಹಾಗಿದೆಯಲ್ಲವೇ ಈ ಮಾತು? ಮೆಡ್ಗರ್ ಎವರ್ಸ್ ಎಂಬ ತರುಣ ಎನ್.ಎ.ಎ.ಸಿ.ಪಿ.ಯ ಕಾರ್ಯದರ್ಶಿಯಾಗಿದ್ದ. ಆ ನಿಯಮವನ್ನು ಹಿಡಿದು, ಉತ್ತರ ಕೊಡಲು ನಮಗೂ ವೇಳೆ ಕೊಡಿ ಎಂದು ಪಟ್ಟು ಹಿಡಿದ. ಕೊಡದೆ ವಿಧಿಯಿರಲಿಲ್ಲ.

ಮೇ 20ರಂದು ಎವರ್ಸ್ ಹದಿನೇಳು ನಿಮಿಷ ಮಾತನಾಡಿದ. ಬೈಗುಳವಿಲ್ಲ, ಅಬ್ಬರವಿಲ್ಲ. ನಾನು ಹೊರಗಿನವನಲ್ಲ, ಇದೇ ರಾಜ್ಯದಲ್ಲಿ ಹುಟ್ಟಿದವನು, ಯುದ್ಧದಲ್ಲಿ ದೇಶದ ಪರ ಹೋರಾಡಿ ಬಂದವನು ಎಂದ. ಹತ್ತಿ ಹೊಲದ ಕೂಲಿಗೂ ಈಗ ಲೋಕದ ಸುದ್ದಿ ತಿಳಿಯುತ್ತದೆ. ಕಾಂಗೋ ದೇಶದಲ್ಲಿ ಕಪ್ಪು ಮನುಷ್ಯ ರೈಲು ಎಂಜಿನ್ ನಡೆಸಬಹುದು, ಜಾಕ್ಸನ್ನಿನಲ್ಲಿ ಕಸದ ಲಾರಿಯನ್ನೂ ನಡೆಸುವಂತಿಲ್ಲ ಎಂಬುದು ಅವನಿಗೆ ಗೊತ್ತು ಎಂದ. ಆ ಊರಿನ ಬಿಳಿಯರ ಮನೆಮನೆಗಳಲ್ಲಿ, ಒಬ್ಬ ಕಪ್ಪು ಮನುಷ್ಯ ಸಮಾನನಂತೆ ಎದುರು ಕೂತು ಮಾತನಾಡಿದ್ದು ಅಪರೂಪದ ಸಂಗತಿ. ಇಪ್ಪತ್ತಮೂರು ದಿನಗಳ ನಂತರ, ಜೂನ್ 12ರ ನಡುರಾತ್ರಿ ಕಳೆದ ಮೇಲೆ, ತನ್ನ ಮನೆಯಂಗಳದಲ್ಲಿ ಎವರ್ಸ್ ಗುಂಡಿಗೆ ಬಲಿಯಾದ. ಕೊಂದವನಿಗೆ ಶಿಕ್ಷೆಯಾದದ್ದು 1994ರಲ್ಲಿ. ಮೂವತ್ತೊಂದು ವರ್ಷ ಬೇಕಾಯಿತು.

ಇಲ್ಲಿಂದ ಮುಂದಿನದು ನಮ್ಮಂಥ ಕಾರ್ಯಕರ್ತರು ಗಮನವಿಟ್ಟು ಕೇಳಬೇಕಾದ ಭಾಗ.

ಅಮೆರಿಕದಲ್ಲಿ ಆಗ ಟೆಲಿವಿಷನ್ ನಿಲಯಗಳಿಗೆ ಮೂರು ಮೂರು ವರ್ಷಕ್ಕೆ ಲೈಸೆನ್ಸು. ಕೊಡುವುದು ಕೇಂದ್ರದ ಸಂಪರ್ಕ ಆಯೋಗ. ಜನರ ಹಿತಕ್ಕಾಗಿ ನಡೆಸಿದ್ದೇವೆಂದು ತೋರಿಸಿ ಅದನ್ನು ನವೀಕರಿಸಿಕೊಳ್ಳಬೇಕು. ಎವರೆಟ್ ಪಾರ್ಕರ್ ಎಂಬ ಪಾದ್ರಿ, ಯುನೈಟೆಡ್ ಚರ್ಚ್ ಆಫ್ ಕ್ರೈಸ್ಟ್ ಎಂಬ ಚರ್ಚಿನ ಸಂಪರ್ಕ ವಿಭಾಗದ ಮುಖ್ಯಸ್ಥರು, ಇಲ್ಲಿ ಕೈ ಹಾಕಿದರು. ಅವರು ಸತ್ಯಾಗ್ರಹ ಹೂಡಲಿಲ್ಲ, ಮೆರವಣಿಗೆ ತೆಗೆಯಲಿಲ್ಲ. ಊರಿನ ಕೆಲವು ಸ್ವಯಂಸೇವಕರನ್ನು ಗುಟ್ಟಾಗಿ ಕಲೆಹಾಕಿ ತರಬೇತಿ ಕೊಟ್ಟರು. ಅವರು ಬಿಳಿಯರೇ, ಹೆಸರು ಹೊರಬಿದ್ದರೆ ಕೆಲಸವೂ ಹೋದೀತು, ಜೀವವೂ ಹೋದೀತು. 1964ರ ಮಾರ್ಚ್ 1ರಿಂದ 7ರವರೆಗೆ ಒಂದು ವಾರ ಇವರು ಟೆಲಿವಿಷನ್ ಮುಂದೆ ಕೂತು, ಪ್ರಸಾರ ಶುರುವಾದಾಗಿನಿಂದ ಮುಗಿಯುವ ತನಕ ಯಾರು ಕಾಣಿಸಿದರು, ಎಷ್ಟು ಹೊತ್ತು, ಅವರ ಬಗ್ಗೆ ಯಾವ ಮಾತು ಬಂತು ಎಂಬುದನ್ನೆಲ್ಲ ಬರೆದಿಟ್ಟರು.

ನಾನು ಹನ್ನೊಂದು ವರ್ಷ ಪ್ರಾಥಮಿಕ ಶಾಲೆಯಲ್ಲಿ ಹಾಜರಿ ಕೂಗಿದವನು. ಹಾಜರಿ ಪುಸ್ತಕದ ಬೆಲೆ ನನಗೆ ಗೊತ್ತು. "ಹುಡುಗರು ಶಾಲೆಗೆ ಬರುವುದಿಲ್ಲ" ಎಂದು ಬಾಯಲ್ಲಿ ಹೇಳಿದರೆ ಇನ್ಸ್‌ಪೆಕ್ಟರು ತಲೆ ಅಲ್ಲಾಡಿಸಿ ಹೋಗುತ್ತಾರೆ. ಕೂಲಿಯವರ ಮಕ್ಕಳ ಹೆಸರಿನ ಮುಂದೆ ಸುಗ್ಗಿಯ ತಿಂಗಳು ಪೂರ್ತಿ ಗೈರುಹಾಜರಿಯ ಗುರುತು ಸಾಲಾಗಿ ಬಿದ್ದಿರುವುದನ್ನು ತೋರಿಸಿದರೆ ಅವರ ಬಾಯಿ ಕಟ್ಟುತ್ತದೆ. ಜಾಕ್ಸನ್ನಿನ ಆ ಸ್ವಯಂಸೇವಕರು ಮಾಡಿದ್ದು ಟೆಲಿವಿಷನ್ನಿನ ಹಾಜರಿ ಪುಸ್ತಕ. ಅದರಲ್ಲಿ ಊರಿನ ಹೆಚ್ಚುಕಡಿಮೆ ಅರ್ಧ ಜನ ಗೈರುಹಾಜರಾಗಿದ್ದರು.

ಏಪ್ರಿಲ್ ತಿಂಗಳಲ್ಲಿ ಅರ್ಜಿ ಹೋಯಿತು. ಚರ್ಚಿನ ಜೊತೆಗೆ ರುಜು ಹಾಕಿದವರು ಮಿಸಿಸಿಪ್ಪಿಯ ಇಬ್ಬರು ಕಪ್ಪು ಮುಖಂಡರು: ಔಷಧಿ ಅಂಗಡಿಯ ಆರನ್ ಹೆನ್ರಿ ಮತ್ತು ಪಾದ್ರಿ ರಾಬರ್ಟ್ ಎಲ್. ಟಿ. ಸ್ಮಿತ್. ಇದಾಗಿ ಕೆಲವೇ ವಾರಕ್ಕೆ ಲೋಹಿಯಾ ಅದೇ ಊರಿನ ಹೋಟೆಲ್ ಬಾಗಿಲಲ್ಲಿ ನಿಂತಿದ್ದರು. ಅರ್ಜಿಯ ದೂರುಗಳಲ್ಲಿ ಒಂದನ್ನು ನಾವು ಕನ್ನಡಿಗರು ಬೇಗ ಅರ್ಥ ಮಾಡಿಕೊಳ್ಳುತ್ತೇವೆ. ಬಿಳಿಯರ ಹೆಸರಿಗೆ ಮಿಸ್ಟರ್, ಮಿಸೆಸ್ ಎಂದು ಸೇರಿಸುವ ನಿಲಯ, ಕಪ್ಪು ಜನರನ್ನು ಬರಿಯ ಹೆಸರಿನಿಂದ ಕರೆಯುತ್ತಿತ್ತು. ಗೌಡರಿಗೆ ಬಹುವಚನ, ಆಳಿಗೆ ಏಕವಚನ. ಅವಮಾನ ಸಣ್ಣದಾಗಿ ಕಾಣುತ್ತದೆ. ದಿನವೂ ಬಿದ್ದರೆ ಮನುಷ್ಯನ ಬೆನ್ನು ಬಗ್ಗಿಸುತ್ತದೆ.

ಆಯೋಗ ಏನು ಮಾಡಿತು? 1965ರಲ್ಲಿ ಅದು ಹೇಳಿದ್ದರ ತಾತ್ಪರ್ಯ ಇಷ್ಟು: ನೋಡುಗರಾದ ನೀವು ಈ ಮೊಕದ್ದಮೆಯಲ್ಲಿ ಪಕ್ಷಗಾರರೇ ಅಲ್ಲ. ಇನ್ನೊಂದು ನಿಲಯದ ತರಂಗಕ್ಕೆ ಅಡ್ಡಿಯಾದರೆ ಅವರು ಬರಬಹುದು, ಇನ್ನೊಬ್ಬ ವ್ಯಾಪಾರಿಗೆ ನಷ್ಟವಾದರೆ ಅವನು ಬರಬಹುದು. ಬರಿಯ ನೋಡುಗನಿಗೆ ಏನು ನಷ್ಟ? ಹೀಗೆಂದು ಅರ್ಜಿದಾರರನ್ನು ಹೊರಗಿಟ್ಟು, ನಿಲಯಕ್ಕೆ ಬುದ್ಧಿಮಾತು ಹೇಳಿ, ಒಂದು ವರ್ಷದ ಲೈಸೆನ್ಸು ಕೊಟ್ಟಿತು. ಬೇಲಿಯೇ ಎದ್ದು ಹೊಲ ಮೇಯ್ದಂತಾಯಿತು. ನಮ್ಮ ಮಿತ್ರರು ನಿನ್ನೆ "ನಮಗೆ ಏನು ಹಕ್ಕಿದೆ?" ಎಂದರಲ್ಲ, ಆಯೋಗದ ಉತ್ತರವೂ ಅದೇ ಆಗಿತ್ತು.

ಅರ್ಜಿದಾರರು ವಾಷಿಂಗ್‌ಟನ್ನಿನ ಅಪೀಲು ಕೋರ್ಟಿಗೆ ಹೋದರು. ಅಲ್ಲಿ ತೀರ್ಪು ಬರೆದವರು ವಾರನ್ ಬರ್ಗರ್. ಇವರು ಕ್ರಾಂತಿಕಾರರಲ್ಲ, ಸಂಪ್ರದಾಯಸ್ಥ ನ್ಯಾಯಾಧೀಶರು. ಮುಂದೆ ನಿಕ್ಸನ್ ಇವರನ್ನೇ ದೇಶದ ಮುಖ್ಯ ನ್ಯಾಯಮೂರ್ತಿಯಾಗಿ ಆರಿಸಿದರು. ಅಂಥವರೇ 1966ರ ಮಾರ್ಚಿನಲ್ಲಿ ಹೇಳಿದ್ದೇನೆಂದರೆ, ಪ್ರಸಾರ ಯಾರಿಗಾಗಿ ನಡೆಯುತ್ತದೋ ಆ ನೋಡುಗರಿಗೆ ಆಯೋಗದ ಮುಂದೆ ನಿಲ್ಲುವ ಹಕ್ಕಿದೆ. ಸಾರ್ವಜನಿಕ ಸ್ವತ್ತಿನ ಒಂದು ಬೆಲೆಬಾಳುವ ಭಾಗವನ್ನು ಪುಕ್ಕಟೆಯಾಗಿ ಪಡೆದವನು ಸಾರ್ವಜನಿಕರಿಗೆ ಲೆಕ್ಕ ಒಪ್ಪಿಸಲೇಬೇಕು. ಆಯೋಗ ಹಟ ಬಿಡಲಿಲ್ಲ. ಕಾಟಾಚಾರದ ವಿಚಾರಣೆ ನಡೆಸಿ, ತಪ್ಪನ್ನು ರುಜುವಾತು ಮಾಡುವ ಭಾರವನ್ನೆಲ್ಲ ಅರ್ಜಿದಾರರ ಹೆಗಲಿಗೇ ಹೇರಿ, 1968ರಲ್ಲಿ ಮತ್ತೆ ಲೈಸೆನ್ಸು ಕೊಟ್ಟಿತು. 1969ರ ಜೂನಿನಲ್ಲಿ ಅದೇ ಬರ್ಗರ್ ಆ ಲೈಸೆನ್ಸನ್ನು ರದ್ದುಮಾಡಿದರು.

1971ರಲ್ಲಿ ಜೀವವಿಮಾ ಕಂಪನಿಯ ಕೈಯಿಂದ ನಿಲಯ ಹೋಯಿತು. ಲಾಭಕ್ಕಾಗಿ ಅಲ್ಲದ ಒಂದು ಸಂಸ್ಥೆ ತಾತ್ಕಾಲಿಕವಾಗಿ ವಹಿಸಿಕೊಂಡಿತು. ಮಾರನೆಯ ವರ್ಷ ವಿಲಿಯಂ ಡಿಲ್ಡೇ ಎಂಬ ಕಪ್ಪು ಮನುಷ್ಯ ಅದರ ಜನರಲ್ ಮ್ಯಾನೇಜರ್ ಆದರು. ಹದಿನೇಳು ವರ್ಷದ ಹಿಂದೆ ಕಪ್ಪು ವಕೀಲನ ಮುಖದ ಮೇಲೆ ಫಲಕ ಹಾಕಿದ ನಿಲಯ ಅದು!

ಹಾಗೆಂದು ರಾಮರಾಜ್ಯ ಬಂತೆಂದು ನಾನು ಹೇಳುವುದಿಲ್ಲ. ಶಾಶ್ವತ ಲೈಸೆನ್ಸು ಯಾರಿಗೆಂಬ ಪೈಪೋಟಿಯಲ್ಲಿ ಆ ದಶಕವೇ ಕಳೆಯಿತು. ಕುರ್ಚಿಯಲ್ಲಿ ಕೂತವನ ಬಣ್ಣ ಬದಲಾದ ಮಾತ್ರಕ್ಕೆ ಜಾಹೀರಾತು ಕೊಡುವ ಬಂಡವಾಳಗಾರನ ಗುಣ ಬದಲಾಗುವುದಿಲ್ಲ. ಆದರೂ ಒಂದು ಗೆಲುವು ಉಳಿಯಿತು. ಆ ತೀರ್ಪಿನ ನಂತರ ಅಮೆರಿಕದ ಯಾವ ಊರಿನ ಜನರಾದರೂ ತಮ್ಮ ಊರಿನ ನಿಲಯದ ಲೈಸೆನ್ಸನ್ನು ಪ್ರಶ್ನಿಸಬಹುದಾಯಿತು. 1975ರಲ್ಲಿ ಅಲಬಾಮಾ ರಾಜ್ಯದ ಶಿಕ್ಷಣ ಟೆಲಿವಿಷನ್ನಿಗೆ, ಕಪ್ಪು ಜನರನ್ನು ಕಡೆಗಣಿಸಿದ ಕಾರಣಕ್ಕೆ, ಅದೇ ಆಯೋಗ ನವೀಕರಣ ನಿರಾಕರಿಸಬೇಕಾಯಿತು.

ಈಗ ನಿನ್ನೆಯ ಪ್ರಶ್ನೆಗೆ ಉತ್ತರ. ಮಿತ್ರರೇ, ನಮ್ಮ ಸುಪ್ರೀಂ ಕೋರ್ಟು ಕೂಡ 1995ರಲ್ಲಿ, ಕ್ರಿಕೆಟ್ ಪ್ರಸಾರದ ಒಂದು ಮೊಕದ್ದಮೆಯಲ್ಲಿ, ಪ್ರಸಾರದ ತರಂಗಗಳು ಸಾರ್ವಜನಿಕ ಸ್ವತ್ತು ಎಂದಿದೆ. ಊರ ಕೆರೆಯಂತೆ, ಗೋಮಾಳದಂತೆ. ಕೆರೆಯ ನೀರನ್ನು ಒಬ್ಬನೇ ತನ್ನ ಗದ್ದೆಗೆ ತಿರುಗಿಸಿಕೊಂಡರೆ ನಾವು ಸುಮ್ಮನಿರುತ್ತೇವೆಯೇ? ಆದ್ದರಿಂದ "ನಮಗೆ ಏನು ಹಕ್ಕಿದೆ?" ಎಂದು ಕೇಳಬೇಡಿ. ಹಕ್ಕಿದೆ. ಇಲ್ಲದಿರುವುದು ನಮ್ಮ ಹತ್ತಿರದ ಲೆಕ್ಕ. ಬೈಯುವುದು ಸುಲಭ, ಬರೆದಿಡುವುದು ಕಷ್ಟ.

ಶಿಬಿರ ಮುಗಿಸಿ ಊರಿಗೆ ಹೋದ ಮೇಲೆ ಪ್ರತಿ ಹೋಬಳಿಯಿಂದ ಇಬ್ಬರು ಒಂದೊಂದು ನೋಟುಪುಸ್ತಕ ಕೊಳ್ಳಿ. ಒಂದು ವಾರ ರಾತ್ರಿಯ ಸುದ್ದಿಯನ್ನು ನೋಡಿ ಬರೆಯಿರಿ. ಕೂಲಿಯವರು ಎಷ್ಟು ಸಲ ಬಂದರು, ಕೇರಿಯ ಜನ ಎಷ್ಟು ಸಲ, ಹೆಂಗಸರು ಎಷ್ಟು ಸಲ. ಬಂದಾಗ ಅವರು ಮಾತನಾಡಿದರೇ, ಅಥವಾ ಅವರ ಬಗ್ಗೆ ಬೇರೆಯವರು ಮಾತನಾಡಿದರೇ. ಅವರನ್ನು ಏಕವಚನದಲ್ಲಿ ಕರೆದರೇ, ಬಹುವಚನದಲ್ಲಿ ಕರೆದರೇ. ತಾರೀಖು ಹಾಕಿ, ವೇಳೆ ಹಾಕಿ, ಕೆಳಗೆ ರುಜು ಹಾಕಿ. ಜಾಕ್ಸನ್ನಿನ ಜನ ಜೀವಭಯದ ನಡುವೆ ಮಾಡಿದ ಕೆಲಸವನ್ನು ನಾವು ನಮ್ಮ ಪಡಸಾಲೆಯಲ್ಲಿ ಕೂತು ಮಾಡಲಾರೆವೇ?

ಮುಂದಿನ ತಿಂಗಳ ಸಭೆಗೆ ಆ ಪುಸ್ತಕಗಳನ್ನು ತನ್ನಿ. ಹಾಜರಿ ನಾನು ಕೂಗುತ್ತೇನೆ.