ಹೊರೆಗಿಂತ ಮೊದಲು ಹೆಗಲು



ಸೇನಾ ಸಾಗಾಣಿಕೆಯ ನಿಯಮ, ಸುರಕ್ಷತೆ ಕುರಿತ ವಿಚಾರ ಸಂಕಿರಣ ಕಡೂರಿನಲ್ಲಿ ಏಕೆ ಎಂದು ಕೆಲವರು ಕೇಳಿದರಂತೆ. ಇದಕ್ಕಿಂತ ತಕ್ಕ ಜಾಗ ನನಗೆ ತೋಚುವುದಿಲ್ಲ. ಬೀರೂರು, ಅಜ್ಜಂಪುರ, ತರೀಕೆರೆ ಕಡೆಯ ಲಿಂಗದಹಳ್ಳಿ, ಬಾಸೂರು ಕಾವಲು ಎಲ್ಲವೂ ಇಲ್ಲಿಗೆ ಹತ್ತಿರ. ಮೈಸೂರಿನ ಫಿರಂಗಿಗಳನ್ನು ಎಳೆದ ಎತ್ತುಗಳು ಮೇದು ಬೆಳೆದದ್ದು ಇಂಥ ಕಾವಲುಗಳಲ್ಲೇ, ಎಂದರೆ ದನಗಳಿಗೆಂದು ಮೀಸಲಿಟ್ಟ ಹುಲ್ಲುಗಾವಲುಗಳಲ್ಲೇ.

ಆ ದನಗಳನ್ನು ಸಾಕಿದ ವ್ಯವಸ್ಥೆಗೆ ಮೈಸೂರಿನ ಅರಸ ಚಿಕ್ಕದೇವರಾಜ ಒಡೆಯರ ಕಾಲದಲ್ಲಿ ಬೆಣ್ಣೆ ಚಾವಡಿ ಎಂದು ಹೆಸರು. ಅರಮನೆಗೆ ಹಾಲು ಬೆಣ್ಣೆ ಒದಗಿಸುವ ಇಲಾಖೆ. ಹೈದರಾಲಿ ಆ ದನಗಳನ್ನು ಯುದ್ಧದ ಸಾಗಾಣಿಕೆಗೆ ಹೂಡಿದ. ಟಿಪ್ಪು ಅದಕ್ಕೆ ಅಮೃತ್ ಮಹಲ್ ಎಂದು ಹೆಸರಿಟ್ಟು, ಹೇಗೆ ನಡೆಸಬೇಕೆಂದು ಹುಕುಂನಾಮೆ ಹೊರಡಿಸಿದ. ವರ್ಷಕ್ಕೊಮ್ಮೆ ಹಿಂಡುಗಳ ಎಣಿಕೆ ನಡೆಯುವಾಗ ತಾನೇ ಹೋಗಿ ನಿಂತು, ಚೆನ್ನಾಗಿ ಸಾಕಿದವರಿಗೆ ಇನಾಮು ಕೊಡುತ್ತಿದ್ದ. 1781ರಲ್ಲಿ ಚಿದಂಬರದ ನೆರವಿಗೆ ಹೈದರನ ಸೈನ್ಯ ಎರಡೂವರೆ ದಿನದಲ್ಲಿ ನೂರು ಮೈಲಿ ನಡೆಯಿತೆಂದು ಇತಿಹಾಸದಲ್ಲಿ ಓದುತ್ತೇವೆ. ಓದಿ ಎತ್ತಿನ ವೇಗವನ್ನು ಹೊಗಳಿ ಸುಮ್ಮನಾಗುತ್ತೇವೆ. ಆ ವೇಗ ಎಲ್ಲಿಂದ ಬಂತು ಎಂಬುದನ್ನು ಇವತ್ತು ಕೇಳಿಕೊಳ್ಳೋಣ.

ಅದು ಬಂದದ್ದು ವಿಶ್ರಾಂತಿಯಿಂದ, ಮೇವಿನಿಂದ, ಕಾಯುವ ತಾಳ್ಮೆಯಿಂದ. ಕಾವಲುಗಳನ್ನು ಮಳೆಗಾಲದವು, ಚಳಿಗಾಲದವು, ಬೇಸಿಗೆಯವು ಎಂದು ಬೇರೆ ಬೇರೆ ಮಾಡಿದ್ದರು. ಮರದ ನೆರಳು, ಕೆರೆಯಂಗಳದ ಹಸಿರು ಇದ್ದ ಕಾವಲು ಬೇಸಿಗೆಗೆ ಮೀಸಲು. ಹಿಂಡು ಒಂದೇ ಕಡೆ ನಿಂತು ನೆಲ ಬರಿದು ಮಾಡುವಂತಿರಲಿಲ್ಲ. ಹೋರಿಯನ್ನು ಎಳೆಯದರಲ್ಲೇ ನೊಗಕ್ಕೆ ಹೂಡುವಂತಿರಲಿಲ್ಲ. ಅದು ಬಲಿಯಬೇಕು, ಪಳಗಬೇಕು, ಆಮೇಲೆ ಫಿರಂಗಿ. ಹಿಂಡಿಗೊಬ್ಬ ಸೇರ್ವೆಗಾರ, ಅವನ ಮೇಲೆ ದರೋಗ. ನನ್ನ ದೃಷ್ಟಿಯಲ್ಲಿ ಇವೇ ಈ ನಾಡಿನ ಮೊದಲ ಸೇನಾ ಸಾಗಾಣಿಕೆ ನಿಯಮಗಳು. ಹೊರೆ ಎಷ್ಟು ಎಂಬುದಕ್ಕಿಂತ ಮೊದಲು ಹೊರುವ ಜೀವ ಹೇಗಿದೆ ಎಂದು ನೋಡಿದ ನಿಯಮಗಳು.

ಅದನ್ನು ನೋಡದಿದ್ದರೆ ಏನಾಗುತ್ತದೆ ಎಂಬುದೂ ನಮ್ಮ ನೆಲದಲ್ಲೇ ನಡೆದುಹೋಗಿದೆ. 1791ರ ಮೇ ತಿಂಗಳು. ಟಿಪ್ಪುವಿನ ಮೇಲೆ ದಂಡೆತ್ತಿದ ಇಂಗ್ಲಿಷ್ ಸೇನಾನಿ ಲಾರ್ಡ್ ಕಾರ್ನ್‌ವಾಲಿಸ್ ಶ್ರೀರಂಗಪಟ್ಟಣದ ಬಾಗಿಲ ತನಕ ಬಂದ, ಅರಕೆರೆಯ ಹತ್ತಿರ ನಡೆದ ಕದನವನ್ನೂ ಗೆದ್ದ. ಆದರೆ ಮೇವಿಲ್ಲ, ಮೇಲೆ ಮಳೆ, ರೋಗ. ದನಗಳು ಸಾಲುಸಾಲಾಗಿ ಸತ್ತವು. ಫಿರಂಗಿಗಳನ್ನು ಸಿಪಾಯಿಗಳೇ ಹಗ್ಗ ಹಿಡಿದು ಎಳೆಯುವ ಸ್ಥಿತಿ ಬಂತು. ಕೊನೆಗೆ ಕಣ್ಣಂಬಾಡಿಯ ಬಳಿ ಕೋಟೆ ಒಡೆಯಲೆಂದು ತಂದಿದ್ದ ದೊಡ್ಡ ತೋಪುಗಳನ್ನು ತಾನೇ ಹಾಳುಗೆಡವಿಸಿ ಬೆಂಗಳೂರಿಗೆ ಹಿಂದಿರುಗಿದ. ಗೆದ್ದ ಸೈನ್ಯವನ್ನು ಹಿಂದಕ್ಕೆ ಕಳಿಸಿದ್ದು ಹಸಿದ ಎತ್ತು. ಮರುವರ್ಷದ ದಂಡಯಾತ್ರೆಗೆ ಅವನು ಧಾನ್ಯಕ್ಕಾಗಿ ನೆಚ್ಚಿಕೊಂಡದ್ದು ಬಂಜಾರರ ಹೇರೆತ್ತುಗಳನ್ನು. ಆ ಸಮುದಾಯದ ತಾಂಡಾಗಳು ನಮ್ಮ ತಾಲ್ಲೂಕುಗಳಲ್ಲೂ ಇವೆ. ಸೇನಾ ಸಾಗಾಣಿಕೆಯ ಇತಿಹಾಸ ಬರೆಯುವವರು ಅವರ ಹಿರಿಯರನ್ನು ಮಾತನಾಡಿಸದೆ ಬರೆಯಬಾರದು.

1799ರಲ್ಲಿ ಟಿಪ್ಪು ಮಡಿದ ನಂತರ ಸರಿಯಾದ ನಿಗಾ ಇಲ್ಲದೆ ಅಮೃತ್ ಮಹಲ್ ಹಿಂಡು ಸೊರಗಿತು. 1813ರಲ್ಲಿ ಮದ್ರಾಸ್ ಸೇನೆಯ ಕ್ಯಾಪ್ಟನ್ ಹಾರ್ವೆ ವಹಿಸಿಕೊಂಡ ಮೇಲೆ ಚೇತರಿಸಿಕೊಂಡಿತು. 1860ರಲ್ಲಿ ಖರ್ಚು ಉಳಿಸಲೆಂದು ಇಲಾಖೆಯನ್ನೇ ಮುಚ್ಚಿ ದನಗಳನ್ನು ಮಾರಿಬಿಟ್ಟರು. ತಪ್ಪಾಯಿತೆಂದು ಅರಿವಾಗಿ 1866ರಲ್ಲಿ ಮತ್ತೆ ಕಟ್ಟಿದರು. ಸುರಕ್ಷತೆಗೆ ಇಡುವ ಹಣ ದಂಡವೆಂದು ತಿಳಿಯುವವರು ಇಂದಿಗೂ ಇದ್ದಾರೆ. ಆ ಆರು ವರ್ಷಗಳನ್ನು ಅವರು ಓದಬೇಕು.

ಹೊರುವ ಜೀವವನ್ನು ಮೊದಲು ನೋಡುವ ವಾಡಿಕೆ ಇನ್ನೂ ಉಳಿದಿದೆ. ಅಜ್ಜಂಪುರದಲ್ಲಿ ಅಮೃತ್ ಮಹಲ್ ಹೋರಿ ಕರುಗಳ ಹರಾಜು ನಡೆಯುವಾಗ ರೈತರನ್ನು ಗಮನಿಸಿ. ಕಾವಲಿನಲ್ಲಿ ಬಿಡುಬೀಸಾಗಿ ಬೆಳೆದ ಕರು ಹಗ್ಗಕ್ಕೆ ಸುಲಭವಾಗಿ ಬಗ್ಗುವುದಿಲ್ಲ. ರೈತ ಕೊಂಬಿನ ಚೆಲುವಿಗೆ ಮರುಳಾದರೂ ಬೆಲೆ ಕೂಗುವ ಮೊದಲು ಗೊರಸು ನೋಡುತ್ತಾನೆ, ಕಾಲು ನೋಡುತ್ತಾನೆ, ಹೆಗಲು ನೋಡುತ್ತಾನೆ. ಹೆಗಲು ಹುಣ್ಣಾದ ಎತ್ತನ್ನು ಗಾಡಿಗೆ ಕಟ್ಟಬಾರದೆಂದು ಅವನಿಗೆ ಯಾರೂ ಕಾಯಿದೆ ಓದಿ ಹೇಳಬೇಕಿಲ್ಲ.

ಕಾಯಿದೆಯೂ ಇದೆಯೆನ್ನಿ. ಎಳೆಯುವ, ಹೊರುವ ಪ್ರಾಣಿಗಳಿಗಾಗಿ 1965ರಲ್ಲಿ ಬಂದ ಕೇಂದ್ರ ನಿಯಮದ ಪ್ರಕಾರ ಎತ್ತನ್ನು ದಿನಕ್ಕೆ ಒಂಬತ್ತು ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ. ಬಿಡುವು ಕೊಡದೆ ಐದು ಗಂಟೆ ಮೀರುವಂತಿಲ್ಲ. 37 ಡಿಗ್ರಿ ದಾಟುವ ಬಿಸಿಲಿನಲ್ಲಿ ಹನ್ನೆರಡರಿಂದ ಮೂರರವರೆಗೆ ಹೂಡುವಂತಿಲ್ಲ. ಈಗ 2025ರ ನವೆಂಬರ್‌ವರೆಗೆ ಜಾರಿಯಲ್ಲಿದ್ದ 1961ರ ಮೋಟಾರು ಸಾರಿಗೆ ಕಾರ್ಮಿಕರ ಕಾಯಿದೆ ತೆಗೆದು ನೋಡಿ. ಚಾಲಕನಿಗೆ ದಿನಕ್ಕೆ ಎಂಟು ಗಂಟೆ, ಐದು ಗಂಟೆ ದುಡಿದ ಮೇಲೆ ಅರ್ಧ ಗಂಟೆ ಬಿಡುವು ಎಂದಿತ್ತು. ಎತ್ತಿಗೂ ಐದು, ಮನುಷ್ಯನಿಗೂ ಐದು. ದಣಿವಿನ ಲೆಕ್ಕ ಇಬ್ಬರಿಗೂ ಒಂದೇ. ಆದರೆ ಈ ಊರಿನ ಬಳಿ ಹಾದುಹೋಗುವ ತುಮಕೂರು–ಹೊನ್ನಾವರ ಹೆದ್ದಾರಿಯಲ್ಲಿ ರಾತ್ರಿ ಲಾರಿ ಓಡಿಸುವವನನ್ನು ಕೇಳಿ, ಐದನೇ ಗಂಟೆಗೆ ಅವನು ಎಲ್ಲಿ ಗಾಡಿ ನಿಲ್ಲಿಸಬಲ್ಲ? ಸೇನೆ ತನ್ನ ಸಾಮಾನಿಗೆ ಖಾಸಗಿ ಲಾರಿಗಳನ್ನೂ ಬಾಡಿಗೆಗೆ ಹಿಡಿಯುತ್ತದೆ. ಯೋಧರನ್ನು ಕೂರಿಸಿಕೊಂಡು ಘಟ್ಟ ಹತ್ತುವ ಚಾಲಕನ ಕಣ್ಣೂ ಕಣ್ಣೇ. ಸರಕು ಕಟ್ಟುವ ಹಗ್ಗ, ಬ್ರೇಕು, ತೂಕ, ಇವುಗಳ ತಪಾಸಣೆ ಬೇಕೇ ಬೇಕು. ಚಾಲಕ ನಿನ್ನೆ ಎಷ್ಟು ಹೊತ್ತು ಮಲಗಿದ ಎಂಬುದನ್ನೂ ಅಷ್ಟೇ ಕಟ್ಟುನಿಟ್ಟಾಗಿ ಬರೆದಿಡಬೇಕು.

ಕಾವಲುಗಳ ಬಗ್ಗೆಯೂ ಒಂದು ಮಾತು. ಬಾಸೂರು ಕಾವಲು 2011ರಲ್ಲಿ ಕೃಷ್ಣಮೃಗಗಳ ಸಂರಕ್ಷಣಾ ಮೀಸಲು ಆಯಿತು, ಸಂತೋಷ. ಚಳ್ಳಕೆರೆಯ ಕಾವಲುಗಳು ರಕ್ಷಣಾ ಸಂಶೋಧನೆಗೂ ಇತರ ಸಂಸ್ಥೆಗಳಿಗೂ ಹೋದವು. ಸೇನೆಯನ್ನು ಹೊತ್ತ ಹುಲ್ಲುಗಾವಲಿನ ಒಂದು ಪಾಲು ರಕ್ಷಣೆಗಾಗಿಯೇ ಬೇಲಿಯೊಳಗೆ ಸೇರಿತು. ದೇಶದ ರಕ್ಷಣೆಗೆ ನೆಲ ಬೇಕು, ಒಪ್ಪುತ್ತೇನೆ. ಉಳಿದಿರುವ ಕಾವಲುಗಳನ್ನಾದರೂ ಅಳೆದು, ಗಡಿ ಗುರುತಿಸಿ, ತಳಿಗೂ ಹುಲ್ಲಿಗೂ ಬಿಟ್ಟುಕೊಡಬೇಕೆಂದು ಈ ಸಭೆಯಿಂದ ಸರ್ಕಾರಕ್ಕೆ ಒಂದು ನಿರ್ಣಯ ಹೋಗಲಿ.

ಮಧ್ಯಾಹ್ನದ ಗೋಷ್ಠಿಯಲ್ಲಿ ಲಾರಿ ಚಾಲಕರು, ಸೇನಾ ವಾಹನ ಓಡಿಸಿ ನಿವೃತ್ತರಾದವರು ಮಾತನಾಡುವವರಿದ್ದಾರೆ. ಪ್ರಬಂಧಕಾರರಿಗೆ ಕೊಟ್ಟಷ್ಟೇ ಸಮಯವನ್ನು ಅವರಿಗೂ ಕೊಡಬೇಕೆಂದು, ಅವರ ಮಾತನ್ನು ನಡಾವಳಿಯಲ್ಲಿ ಪೂರ್ತಿಯಾಗಿ ಬರೆದುಕೊಳ್ಳಬೇಕೆಂದು ಸಂಘಟಕರಲ್ಲಿ ಕೇಳಿಕೊಳ್ಳುತ್ತೇನೆ.