ಕಾರಾಪುರದಿಂದ ಹಾಲಿವುಡ್ಡಿನ ಕಾಡಿಗೆ

1942ರ ‘ಜಂಗಲ್ ಬುಕ್’ ಚಿತ್ರದಲ್ಲಿ ತೋಳಗಳು ಸಾಕಿದ ಮೋಗ್ಲಿಯಾದ ಸಾಬು ಮೈಸೂರು ಸೀಮೆಯ ಕಾರಾಪುರದವನು, ಮಾವುತನ ಮಗ. ‘ಎಲಿಫೆಂಟ್ ಬಾಯ್’ (1937) ಚಿತ್ರಕ್ಕೆ ಹುಡುಗನನ್ನು ಹುಡುಕುತ್ತಿದ್ದ ರಾಬರ್ಟ್ ಫ್ಲಾಹರ್ಟಿ ತಂಡದ ಕಣ್ಣಿಗೆ ಬಿದ್ದದ್ದು ಮೈಸೂರಿನಲ್ಲೇ. ಅದರ ಹೊರಾಂಗಣ ದೃಶ್ಯಗಳೂ ಇಲ್ಲಿಯ ಕಾಡಿನವೇ.

‘ಜಂಗಲ್ ಬುಕ್’ ವೇಳೆಗೆ ಮಹಾಯುದ್ಧ. ನಿರ್ದೇಶಕ ಝೋಲ್ಟಾನ್ ಕೋರ್ಡಾ ಕ್ಯಾಲಿಫೋರ್ನಿಯಾದಲ್ಲೇ ‘ಇಂಡಿಯಾ’ದ ಕಾಡು ಕಟ್ಟಿಸಿದರು, ಹೆಬ್ಬಾವು ಕೂಡ ರಬ್ಬರಿನದು! ಆ ಕೃತಕ ಕಾಡಿನಲ್ಲಿ ಅಸಲಿಯಾಗಿದ್ದದ್ದು ಸಾಬುವಿನ ನಡಿಗೆ, ಪ್ರಾಣಿಯ ಮೈ ಮುಟ್ಟುವ ಸಲಿಗೆ. ಅದು ಸ್ಟುಡಿಯೋ ಕಲಿಸಿದ್ದಲ್ಲ, ಆನೆಲಾಯದಲ್ಲಿ ಬಂದದ್ದು.

1944ರಲ್ಲಿ ಆತ ಅಮೆರಿಕದ ಪೌರನಾದ, ಬಾಂಬರ್ ವಿಮಾನದಲ್ಲಿ ಗನ್ನರ್ ಆಗಿ ಯುದ್ಧ ಮಾಡಿದ. ಮರಳಿ ಬಂದ ಮೇಲೂ ಹಾಲಿವುಡ್ ಅವನಿಗೆ ಕೊಟ್ಟದ್ದು ಬಹುಪಾಲು ಕಾಡಿನ ಪಾತ್ರಗಳನ್ನೇ. 1963ರಲ್ಲಿ ಲಾಸ್ ಏಂಜಲೀಸಿನಲ್ಲಿ ತೀರಿಕೊಂಡಾಗ ವಯಸ್ಸು ಬರೀ 39.